ಪಾಯಕ್ಕೆ ಹೊರಗಿನಿಂದ ಪೇಂಟ್ ಬಳಿದರೆ ಗೋಡೆಗೆ ಶೀತ ಏರುವುದಿಲ್ಲವೇ?

‘ಮನೆಯ ಪಾಯಕ್ಕೆ ಹೊರಗಿನಿಂದ ಎರಡು ಕೋಟ್ ವಾಟರ್‌ಪ್ರೂಫ್ ಪೇಂಟ್ ಅಥವಾ ಡಾಂಬರು ಬಳಿದುಬಿಡಿ. ಗೋಡೆಗೆ ಶೀತ ಏರುವುದೇ ಇಲ್ಲ, ಗೆದ್ದಲೂ ಬರುವುದಿಲ್ಲ.’ ಮಳೆಗಾಲ ಹತ್ತಿರವಾದರೆ ಇಂಥ ಸಲಹೆಗಳು ಮೊಬೈಲಿನಿಂದ ಮೊಬೈಲಿಗೆ ಹೋಗುತ್ತವೆ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ ಕಡೆಯ ಮನೆಗಳಿಗೆ ಇದು ಎಷ್ಟು ನಿಜ?

ಚಿಕ್ಕ ಉತ್ತರ: ಹೊರಗಿನಿಂದ ಸಿಡಿಯುವ ಮಳೆನೀರನ್ನು ಪೇಂಟ್ ಸ್ವಲ್ಪ ತಡೆಯುತ್ತದೆ. ನೆಲದೊಳಗಿಂದ ಏರುವ ನೀರನ್ನು ತಡೆಯುವುದಿಲ್ಲ. ಹಳೆಯ ಮಣ್ಣಿನ ಗೋಡೆಯ ಮನೆಗಾದರೆ ಅಪಾಯವನ್ನೂ ತರಬಹುದು.

ನೀರು ಎಲ್ಲಿಂದ ಬರುತ್ತದೆ?

ಹಣತೆಯ ಬತ್ತಿಯಲ್ಲಿ ಎಣ್ಣೆ ತಾನಾಗಿ ಮೇಲೇರುತ್ತದಲ್ಲ, ಗೋಡೆಯಲ್ಲಿ ನೀರು ಏರುವುದೂ ಹಾಗೆಯೇ. ಇಟ್ಟಿಗೆ, ಗಾರೆ, ಮಣ್ಣು ಎಲ್ಲದರಲ್ಲೂ ಕಣ್ಣಿಗೆ ಕಾಣದ ಸಣ್ಣ ರಂಧ್ರಗಳಿವೆ. ತಟ್ಟೆಯಲ್ಲಿ ಸ್ವಲ್ಪ ನೀರು ಹಾಕಿ ಒಣಗಿದ ಇಟ್ಟಿಗೆ ನಿಲ್ಲಿಸಿ ನೋಡಿ, ಒದ್ದೆ ಗೆರೆ ಮೇಲೇರುವುದು ಕಾಣುತ್ತದೆ. ಗೋಡೆಯಲ್ಲಿ ಇದು ಸಾಮಾನ್ಯವಾಗಿ ಮೂರು, ಮೂರೂವರೆ ಅಡಿಯವರೆಗೆ ಏರುತ್ತದೆ. ನೀರಿನ ಜೊತೆ ಮಣ್ಣಿನ ಲವಣಗಳೂ ಬರುತ್ತವೆ. ನೀರು ಆರಿದ ಮೇಲೆ ಗೋಡೆಯ ಮೇಲೆ ಉಳಿಯುವ ಬಿಳಿ ಪುಡಿ ಇದೇ ಲವಣ.

ನಮ್ಮ ಕಡೆ ಹೆಚ್ಚಿನ ಪಾಯ ಸೈಜು ಕಲ್ಲಿನದು. ಗಟ್ಟಿ ಕಲ್ಲು ನೀರು ಹೀರುವುದು ಬಹಳ ಕಡಿಮೆ. ನೀರು ಏರುವುದು ಕಲ್ಲುಗಳ ನಡುವಿನ ಗಾರೆ ಅಥವಾ ಮಣ್ಣಿನ ಮೂಲಕ, ಅದೂ ಪಾಯದ ಅಡಿಯಿಂದ. ಕಲ್ಲಿನ ಹೊರಮುಖಕ್ಕೆ ಮಾತ್ರ ಪೇಂಟ್ ಬಳಿದರೆ ಆ ದಾರಿ ಮುಚ್ಚುವುದಿಲ್ಲ. ನಾಲೆ, ಭತ್ತದ ಗದ್ದೆಯ ಪಕ್ಕದ ಮನೆಗಳಲ್ಲಿ ನೆಲ ತಿಂಗಳುಗಟ್ಟಲೆ ಒದ್ದೆ ಇರುವುದರಿಂದ ತೊಂದರೆ ಹೆಚ್ಚು.

ಪೇಂಟ್ ಬಳಿದ ಮೇಲೆ ಏನಾಗುತ್ತದೆ?

ಗೋಡೆಗೆ ಏರಿದ ನೀರು ಹೊರಗಿನ ಗಾಳಿಗೆ ಆರಿಹೋಗಬೇಕು. ಹೊರಮುಖವನ್ನು ಪ್ಲಾಸ್ಟಿಕ್‌ನಂಥ ಪೇಂಟಿನಿಂದ ಮುಚ್ಚಿದರೆ ನೀರು ಒಳಗೇ ಉಳಿಯುತ್ತದೆ. ಆಗ ಅದು ಇನ್ನಷ್ಟು ಮೇಲಕ್ಕೆ ಅಥವಾ ಮನೆಯೊಳಗಿನ ಕಡೆಗೆ ದಾರಿ ಹುಡುಕುತ್ತದೆ. ಸ್ವಲ್ಪ ದಿನಕ್ಕೆ ಪೇಂಟ್ ಗುಳ್ಳೆ ಎದ್ದು ಸಿಪ್ಪೆಯಂತೆ ಕಳಚುತ್ತದೆ.

ಮಣ್ಣಿನ ಗೋಡೆಯಲ್ಲಿ ವಿಷಯ ಇನ್ನೂ ಗಂಭೀರ. ಒಣಗಿದ ಮಣ್ಣು ಗಟ್ಟಿ, ನೆನೆದ ಮಣ್ಣು ಮೆತ್ತಗೆ. ಹೊರಗೆ ಸಿಮೆಂಟ್ ಗಾರೆ, ಅದರ ಮೇಲೆ ಪೇಂಟ್ ಇದ್ದರೆ ಬುಡ ನೆನೆದಿರುವುದು ಕಣ್ಣಿಗೆ ಬೀಳುವುದೇ ಇಲ್ಲ. ಜೋರು ಮಳೆಯಲ್ಲಿ ಅಂಥ ಗೋಡೆ ಕುಸಿದರೆ ಹೋಗುವುದು ಪೇಂಟಿನ ದುಡ್ಡಷ್ಟೇ ಅಲ್ಲ.

ಹಿರಿಯರು ಸುಣ್ಣ ಕಾರಣೆ ಮಾಡುತ್ತಿದ್ದರಲ್ಲ?

ಮಾಡುತ್ತಿದ್ದರು. ಗೋಡೆಗೆ ಸುಣ್ಣ, ಬುಡಕ್ಕೆ ಕೆಮ್ಮಣ್ಣಿನ ಪಟ್ಟಿ. ಇವೆರಡೂ ಗೋಡೆಯ ತೇವವನ್ನು ಆವಿಯಾಗಿ ಹೊರಬಿಡುತ್ತವೆ. ಮಳೆಗೆ ಸಿಡಿದ ಕೆಸರಿನ ಕಲೆಯೂ ಕೆಂಪು ಪಟ್ಟಿಯಲ್ಲಿ ಎದ್ದು ಕಾಣುವುದಿಲ್ಲ. ಇಂದಿನ ವಾಟರ್‌ಪ್ರೂಫ್ ಪೇಂಟಿನ ಸ್ವಭಾವ ಇದಕ್ಕೆ ವಿರುದ್ಧ.

ಗೆದ್ದಲು?

ಗೆದ್ದಲು ಮಣ್ಣಿನೊಳಗಿಂದ, ಪಾಯದ ಸಂದು ಮತ್ತು ಒಳನೆಲದ ಬಿರುಕುಗಳ ಮೂಲಕ ಬರುತ್ತದೆ. ಹೊರಗಿನ ಬಣ್ಣ ಅದಕ್ಕೆ ಅಡ್ಡಿಯಲ್ಲ.

ಹಾಗಾದರೆ ಏನು ಮಾಡಬೇಕು?

• ಹೊಸ ಮನೆ ಕಟ್ಟುವವರು ಪಾಯ ಮುಗಿದು ಗೋಡೆ ಏಳುವ ಮುನ್ನ ತೇವ ತಡೆಯುವ ಪದರ ಹಾಕಿಸಿ. ಮೇಸ್ತ್ರಿಗಳು ಇದನ್ನು ಡಿ.ಪಿ.ಸಿ. ಎನ್ನುತ್ತಾರೆ. ಇದು ಸುತ್ತಲಿನ ನೆಲಕ್ಕಿಂತ ಕನಿಷ್ಠ 15 ಸೆಂ.ಮೀ. ಮೇಲಿರಬೇಕು. ಡಾಂಬರಿನಂಥ ಲೇಪನಕ್ಕೆ ಸರಿಯಾದ ಜಾಗ ನೆಲದೊಳಗೆ ಹೋಗುವ ಭಾಗ, ಅದೂ ಮಣ್ಣು ತುಂಬುವ ಮೊದಲು.

• ಮನೆಯೊಳಗಿನ ನೆಲ ಸುತ್ತಲಿನ ಜಾಗಕ್ಕಿಂತ 45 ಸೆಂ.ಮೀ. ಆದರೂ ಎತ್ತರ ಇರಲಿ ಎನ್ನುತ್ತದೆ ರಾಷ್ಟ್ರೀಯ ಕಟ್ಟಡ ಸಂಹಿತೆ. ರಸ್ತೆ ಎತ್ತರಿಸುತ್ತಾ ಹೋದಂತೆ ಈ ಅಂತರ ಕರಗುತ್ತದೆ, ಗಮನಿಸಿ.

• ಹಳೆಯ ಮನೆಯಾದರೆ ಮೊದಲು ಸೂರಿನ ನೀರು, ಬಚ್ಚಲ ನೀರು ಬುಡದಲ್ಲಿ ನಿಲ್ಲದಂತೆ ನೋಡಿಕೊಳ್ಳಿ. ಸುತ್ತ ಎರಡೂವರೆ ಅಡಿ ಅಗಲ ಕಾಂಕ್ರೀಟ್ ಹಾಕಿಸಿ, ಹೊರಕ್ಕೆ ಅಡಿಗೆ ಕಾಲು ಅಂಗುಲ ಇಳಿಜಾರು ಕೊಡಿಸಿ. ಗೋಡೆಗೆ ಒತ್ತಿ ಮಣ್ಣು, ಗೊಬ್ಬರ ರಾಶಿ ಹಾಕಬೇಡಿ.

• ತೇವ ಗೋಡೆಯದೋ ಗಾಳಿಯದೋ ತಿಳಿಯಲು ಒಳಗೋಡೆಗೆ ಒಂದು ಪ್ಲಾಸ್ಟಿಕ್ ಹಾಳೆಯನ್ನು ನಾಲ್ಕೂ ಕಡೆ ಟೇಪ್ ಹಾಕಿ ಅಂಟಿಸಿ. ಒಂದೆರಡು ದಿನದ ಮೇಲೆ ಹಾಳೆಯ ಹಿಂದೆ ಹನಿ ಇದ್ದರೆ ನೀರು ಗೋಡೆಯದು, ಮುಂದೆ ಇದ್ದರೆ ಗಾಳಿಯದು.

• ಇಷ್ಟಾದ ಮೇಲೆ, ಗೋಡೆ ಚೆನ್ನಾಗಿ ಒಣಗಿದಾಗ, ಅಂದಕ್ಕೆ ಬಣ್ಣ ಬಳಿಯಿರಿ. ಮಣ್ಣಿನ ಗೋಡೆಗೆ ಸುಣ್ಣವೇ ವಾಸಿ. ಬುಡದ ಮಣ್ಣು ಉದುರುತ್ತಿದ್ದರೆ, ಗೋಡೆ ವಾಲಿದ್ದರೆ ಬಣ್ಣ ಬಳಿಸಿ ಮುಚ್ಚಬೇಡಿ, ಮೊದಲು ಅನುಭವಿ ಮೇಸ್ತ್ರಿ ಅಥವಾ ಎಂಜಿನಿಯರ್‌ಗೆ ತೋರಿಸಿ.

ಪೇಂಟಿನ ಸಲಹೆ ನಿಮ್ಮ ಗುಂಪಿಗೂ ಬಂದರೆ ಫಾರ್ವರ್ಡ್ ಮಾಡುವ ಮುನ್ನ ಒಂದು ಪ್ರಶ್ನೆ ಕೇಳಿ: ನೀರು ಬರುತ್ತಿರುವುದು ಹೊರಗಿನಿಂದಲೋ, ಅಡಿಯಿಂದಲೋ? ಅಡಿಯಿಂದಾದರೆ ಬಣ್ಣದ ಡಬ್ಬಿಯಲ್ಲಿ ಪರಿಹಾರವಿಲ್ಲ.