ದೊಡ್ಡ ಕರುಳಿನ ನೀರಿನ ಲೆಕ್ಕ

ಬೆಂಗಳೂರಿನಲ್ಲಿ ನಮ್ಮ ಸಂಜಯನಗರಕ್ಕೆ ಸಮೀಪದ ಹೆಬ್ಬಾಳದಲ್ಲಿ ಕೊಳಚೆನೀರನ್ನು ಸಂಸ್ಕರಿಸುವ ಸ್ಥಾವರವುಂಟು. ಅಲ್ಲಿ ಬ್ಯಾಕ್ಟೀರಿಯಗಳು ಕಲ್ಮಷವನ್ನು ಒಡೆಯುತ್ತವೆ. ಹೆಬ್ಬಾಳ–ನಾಗವಾರ ಕಣಿವೆಯಲ್ಲಿ ಹೀಗೆ ಸಂಸ್ಕರಿಸಿದ ನೀರು ಕೊಳವೆಗಳಲ್ಲಿ ಸಾಗಿ ಚಿಕ್ಕಬಳ್ಳಾಪುರದ ಕಡೆಯ ಕೆರೆಗಳನ್ನು ಸೇರುತ್ತದೆ. ನೀರಿನ ಬೆಲೆಯನ್ನು ಅರಿತವರು ಬಳಸಿದ ನೀರನ್ನೂ ವ್ಯರ್ಥವಾಗಿ ಬಿಡುವುದಿಲ್ಲ. ನಮ್ಮ ದೇಹವೂ ಹಾಗೆಯೇ. ಅದರಲ್ಲಿ ಈ ಕಾರ್ಯವನ್ನು ಕೊನೆಮುಟ್ಟಿಸುವ ಅಂಗವೇ ದೊಡ್ಡ ಕರುಳು. ಅದನ್ನು ಬರಿಯ ಕಸದ ಕೊಳವೆಯೆಂದು ಬಗೆಯುವುದು ತಪ್ಪು.

ಮೊದಲು ಲೆಕ್ಕವನ್ನು ನೋಡೋಣ. ಕುಡಿದ ನೀರು, ಆಹಾರದಲ್ಲಿನ ನೀರು, ಜೊಲ್ಲು, ಜಠರರಸ, ಪಿತ್ತರಸ ಮೊದಲಾದವುಗಳೆಲ್ಲ ಸೇರಿ ದಿನವೊಂದಕ್ಕೆ ಸುಮಾರು 9 ಲೀಟರು ದ್ರವ ಸಣ್ಣ ಕರುಳಿಗೆ ಬರುತ್ತದೆ. ಇದರ ಬಹುಭಾಗವನ್ನು ಸಣ್ಣ ಕರುಳೇ ಹೀರಿಕೊಳ್ಳುತ್ತದೆ. ಉಳಿದ ಒಂದೂವರೆ ಲೀಟರಿನಷ್ಟು, ಕೆಳಹೊಟ್ಟೆಯ ಬಲಭಾಗದಲ್ಲಿ ದೊಡ್ಡ ಕರುಳನ್ನು ಪ್ರವೇಶಿಸುತ್ತದೆ. ಸುಮಾರು 5 ಅಡಿ ಉದ್ದದ ಈ ಕರುಳು ಬಲಗಡೆ ಮೇಲೇರಿ, ಅಡ್ಡಲಾಗಿ ಹಾಯ್ದು, ಎಡಗಡೆ ಕೆಳಗಿಳಿದು ಗುದನಾಳವನ್ನು ಸೇರುತ್ತದೆ. ಇಷ್ಟು ಹಾದಿಯನ್ನು ಕ್ರಮಿಸಿದ ಮೇಲೆ ಮಲದೊಡನೆ ಹೊರಹೋಗುವ ನೀರು ದಿನಕ್ಕೆ 100-200 ಮಿಲಿಲೀಟರು ಮಾತ್ರ.

ಮಿಕ್ಕ ನೀರನ್ನು ಸೆಳೆದ ಶಕ್ತಿ ಯಾವುದು? ಮಾವಿನಕಾಯಿಯ ಹೋಳುಗಳಿಗೆ ಉಪ್ಪು ಬೆರೆಸಿಟ್ಟರೆ ಅವು ನೀರು ಬಿಡುತ್ತವಷ್ಟೆ. ತೆಳುಪೊರೆಯ ಮೂಲಕ, ಲವಣ ಹೆಚ್ಚಾಗಿರುವ ಕಡೆಗೆ ನೀರು ಹರಿಯುವ ಈ ಕ್ರಿಯೆಗೆ ಅಭಿಸರಣವೆಂದು ಹೆಸರು. ಕರುಳಿನ ಗೋಡೆಯ ಜೀವಕೋಶಗಳು ನೀರನ್ನೇ ನೇರವಾಗಿ ಎಳೆಯಲಾರವು. ಅವು ಶಕ್ತಿಯನ್ನು ವೆಚ್ಚಮಾಡಿ ಸೋಡಿಯಂ ಅಯಾನುಗಳನ್ನು ರಕ್ತದ ಕಡೆಗೆ ಸಾಗಿಸುತ್ತವೆ. ನೀರು ಅವುಗಳನ್ನು ಹಿಂಬಾಲಿಸುತ್ತದೆ. ಶೌಚದ ಕರೆಯನ್ನು ಪದೇ ಪದೇ ಮುಂದೂಡಿದರೆ ಈ ಹೀರುವಿಕೆ ಮುಂದುವರಿದು ಮಲವು ಗಟ್ಟಿಯಾಗುತ್ತದೆ. ಮಲಬದ್ಧತೆಗೆ ಇದೂ ಒಂದು ಕಾರಣ.

ಜೀವಕೋಶಗಳಿಗೆ ಆ ಶಕ್ತಿ ದೊರೆಯುವ ಬಗೆ ಕುತೂಹಲಕರವಾದುದು. ರಾಗಿಮುದ್ದೆ, ಸೊಪ್ಪು, ಕಾಳುಗಳಲ್ಲಿ ನಾವು ಜೀರ್ಣಿಸಿಕೊಳ್ಳಲಾರದ ನಾರು ಇರುತ್ತದೆ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯು 2017ರಲ್ಲಿ ಪ್ರಕಟಿಸಿದ ಕೋಷ್ಟಕಗಳಂತೆ 100 ಗ್ರಾಂ ರಾಗಿಯಲ್ಲಿ ಸುಮಾರು 11 ಗ್ರಾಂ ನಾರಿದ್ದರೆ, ಪಾಲಿಷ್ ಮಾಡಿದ ಅಕ್ಕಿಯಲ್ಲಿ ಅದು 3 ಗ್ರಾಮಿಗೂ ಕಡಿಮೆ. ನಾರಿನ ಒಂದಂಶವನ್ನು ದೊಡ್ಡ ಕರುಳಿನ ಬ್ಯಾಕ್ಟೀರಿಯಗಳು ಹುದುಗಿಸಿ ಅಸಿಟಿಕ್, ಪ್ರೊಪಿಯಾನಿಕ್, ಬ್ಯುಟಿರಿಕ್ ಆಮ್ಲಗಳನ್ನು ಉಂಟುಮಾಡುತ್ತವೆ. ಇವುಗಳಲ್ಲಿ ಬ್ಯುಟಿರಿಕ್ ಆಮ್ಲವು ಅಲ್ಲಿನ ಜೀವಕೋಶಗಳ ಮುಖ್ಯ ಇಂಧನ. ಹುದುಗದೆ ಉಳಿದ ನಾರು ಸ್ವಲ್ಪ ನೀರನ್ನು ಹಿಡಿದಿಟ್ಟು ಮಲವನ್ನು ಮೃದುವಾಗಿಡುತ್ತದೆ.

ಅಗತ್ಯಬಿದ್ದಾಗ ದೊಡ್ಡ ಕರುಳು ದಿನಕ್ಕೆ 4-5 ಲೀಟರು ನೀರನ್ನು ಹೀರಬಲ್ಲದು. ಆದರೆ ಉಗ್ರವಾದ ಕಾಲರಾದಲ್ಲಿ ಸಣ್ಣ ಕರುಳು ಸುರಿಸುವ ನೀರು ಈ ಮಿತಿಯನ್ನೂ ಮೀರುತ್ತದೆ; ನೀರೂ ಲವಣವೂ ನಷ್ಟವಾಗಿ ಪ್ರಾಣಕ್ಕೇ ಅಪಾಯ ಒದಗುತ್ತದೆ. ಆದುದರಿಂದ ಭೇದಿಯಾದ ಮಗುವಿಗೆ ನೀರು ಕೊಡಬಾರದೆಂಬ ನಂಬಿಕೆ ಬಹು ಹಾನಿಕರ. ಗ್ಲೂಕೋಸು ಜೊತೆಗಿದ್ದರೆ ಸಣ್ಣ ಕರುಳು ಆಗಲೂ ಸೋಡಿಯಮನ್ನು ಹೀರಬಲ್ಲದು. ನೀರು ಅದರ ಬೆನ್ನುಹತ್ತಿ ಬರುತ್ತದೆ. 1971ರಲ್ಲಿ ಪಶ್ಚಿಮ ಬಂಗಾಳದ ಬನಗಾಂವಿನಲ್ಲಿ ಡಾ. ದಿಲೀಪ್ ಮಹಲನಬಿಸ್ ಅವರು ಕಾಲರಾಪೀಡಿತ ನಿರಾಶ್ರಿತರಿಗೆ ಇಂತಹ ದ್ರಾವಣವನ್ನು ಕುಡಿಸಿ ಅನೇಕರ ಪ್ರಾಣವನ್ನುಳಿಸಿದರು. ಇಂದು ಓ.ಆರ್.ಎಸ್. ಪೊಟ್ಟಣವು ಔಷಧದ ಅಂಗಡಿಗಳಲ್ಲಿ ದೊರೆಯುತ್ತದೆ. ಪೊಟ್ಟಣದ ಮೇಲೆ ಸೂಚಿಸಿದಷ್ಟೇ ಶುದ್ಧ ನೀರಿನಲ್ಲಿ ಅದನ್ನು ಕರಗಿಸಿ ಕುಡಿಸುವುದಕ್ಕೂ ವೈದ್ಯರನ್ನು ಕಾಣುವುದಕ್ಕೂ ತಡಮಾಡಬಾರದು.