ಮನೆಯೊಳಗೆ ಒಂದು ಬಳ್ಳಿ

ನಾವು ವಿ.ಸಿ. ಫಾರಂನವರು. ನಾಲೆ ನೀರು ಕುಡಿದ ಕಬ್ಬು, ಭತ್ತ ನಮ್ಮ ಸುತ್ತ ಬೆಳೆಯುತ್ತೆ. ಮನೆಯೊಳಗೂ ಹಸಿರು ಬೇಕೇ? ಮನಿ ಪ್ಲಾಂಟ್ ಬಳ್ಳಿ ಬೆಳೆಸೋಣ.

ಇದು ದುಡ್ಡು ತರುತ್ತೆ ಅಂತಾರೆ. ಕದ್ದು ತಂದರೇ ಚಿಗುರುತ್ತೆ ಅಂತಾರೆ. ಎರಡೂ ನಿಜವಲ್ಲ. ಪಕ್ಕದ ಮನೆಯಲ್ಲಿ ಕೇಳಿ ತಂದರೂ ಚಿಗುರುತ್ತೆ.

ಕಬ್ಬಿನ ಹಾಗೆ ಈ ಬಳ್ಳಿಗೂ ಗೆಣ್ಣು ಇದೆ. ಬೇರು ಬರುವುದು ಅಲ್ಲೇ. ಎರಡು ಮೂರು ಗೆಣ್ಣಿರುವ ತುಂಡು ಕತ್ತರಿಸೋಣ. ಕೆಳಗಿನ ಗೆಣ್ಣು ಮುಳುಗುವಂತೆ ನೀರಿನ ಸೀಸೆಯಲ್ಲಿ ಇಡೋಣ.

ಕಿಟಕಿ ಬೆಳಕು ಸಾಕು. ಸುಡುವ ಬಿಸಿಲು ಬೇಡ. ಕುಂಡದಲ್ಲಿ ನೆಟ್ಟರೆ, ಮೇಲಿನ ಮಣ್ಣು ಒಣಗಿದ ಮೇಲೆ ನೀರು ಹಾಕಿ. ನೀರು ಹೆಚ್ಚಾದರೆ ಬೇರು ಕೊಳೆಯುತ್ತೆ. ಎಲೆ ಹಳದಿಯಾಗುತ್ತೆ.

ಅಕ್ಕಂದಿರೇ, ಎರಡು ಮಾತು ಮರೆಯಬೇಡಿ.

ಒಂದು, ನಿಂತ ನೀರಲ್ಲಿ ಡೆಂಗಿ ತರುವ ಸೊಳ್ಳೆ ಮೊಟ್ಟೆ ಇಡುತ್ತೆ. ವಾರಕ್ಕೊಮ್ಮೆ ತಪ್ಪದೆ ಸೀಸೆಯ ನೀರು ಚೆಲ್ಲಿ. ಸೀಸೆ ಉಜ್ಜಿ ತೊಳೆದು ಹೊಸ ನೀರು ತುಂಬಿ.

ಎರಡು, ಈ ಎಲೆ ನೋಡಲು ವೀಳ್ಯದೆಲೆಯ ಹಾಗೆ. ಆದರೆ ಬಾಯಿಗೆ ಹಾಕುವಂಥದ್ದಲ್ಲ. ಅಗಿದರೆ ಬಾಯಿ ಉರಿಯುತ್ತೆ, ನಾಲಗೆ ಊದುತ್ತೆ. ಮಕ್ಕಳಿಗೆ ಎಟುಕದ ಹಾಗೆ ಎತ್ತರದಲ್ಲಿ ಇಡಿ. ಮಗು ಅಗಿದಿದ್ದರೆ ಬಾಯಿ ತೊಳೆಸಿ, ಡಾಕ್ಟರಿಗೆ ತೋರಿಸಿ.

ಬಳ್ಳಿ ದುಡ್ಡು ತರದಿದ್ದರೂ ಕಣ್ಣಿಗೆ ತಂಪು. ಅದು ರೋಗ ತರದಂತೆ ನಾವು ನೋಡಿಕೊಳ್ಳೋಣ.