ಎಲ್ಲೆಯ ವ್ಯಾಜ್ಯಗಳಲ್ಲಿ ಕೋರ್ಟು ಕಮಿಷನರರು

ಗುಳೇದಗುಡ್ಡವೆಂದೊಡನೆ ಖಣವೂ ಕೈಮಗ್ಗವೂ ನೆನಪಾಗುವುದು ಸಹಜ. ಆದರೆ ಊರಿನ ಸುತ್ತಣ ಗುಡ್ಡಗಳ ತಪ್ಪಲಲ್ಲಿ ಮಳೆಯನ್ನೇ ನಂಬಿದ ಹೊಲಗಳೂ ಉಂಟು. ಒಂದು ಹೊಲವನ್ನು ಇನ್ನೊಂದರಿಂದ ಬೇರ್ಪಡಿಸುವುದು ಬದು ಮತ್ತು ಕೆಲವು ಬಾಂದುಗಲ್ಲುಗಳು ಮಾತ್ರ. ಬದು ಮಳೆಗೆ ಕರಗುತ್ತದೆ, ನೇಗಿಲು ವರ್ಷಕ್ಕೊಂದು ಸಾಲು ಒತ್ತಿಬರುತ್ತದೆ, ಕಲ್ಲು ಕಾಣೆಯಾಗುತ್ತದೆ. ಆಗ ನೆರೆಹೊರೆಯವರು ವಾದಿ ಪ್ರತಿವಾದಿಗಳಾಗುತ್ತಾರೆ. ಉಭಯರ ಕಾಗದಗಳೂ ಸರಿಯಾಗಿದ್ದು, ವ್ಯತ್ಯಾಸವು ನೆಲದ ಮೇಲೆ ಮಾತ್ರ ಇರುವಾಗ ನ್ಯಾಯಾಧೀಶರು ಪೀಠದಲ್ಲಿ ಕುಳಿತು ಅದನ್ನು ಕಾಣಲಾರರು. ಅವರ ಪರವಾಗಿ ಹೊಲಕ್ಕೆ ಹೋಗುವವನೇ ಕಮಿಷನರ. ಅವನ ಕಾರ್ಯವನ್ನು ಇಲ್ಲಿ ಸಂಕ್ಷೇಪವಾಗಿ ವಿವೇಚಿಸುತ್ತೇವೆ.

ಎಲ್ಲೆಯನ್ನು ಸ್ಥಳದಲ್ಲಿಯೇ ನಿರ್ಣಯಿಸಬೇಕೆಂಬ ತತ್ತ್ವವು ಪುರಾತನವಾದುದು. ಯಾಜ್ಞವಲ್ಕ್ಯ ಸ್ಮೃತಿಯ ಸೀಮಾವಿವಾದ ಪ್ರಕರಣವು ನೆರೆಯವರು, ವೃದ್ಧರು, ಗೋವಳರು, ಎಲ್ಲೆಯ ಬಳಿ ಉಳುವವರು ಇವರೆಲ್ಲರೂ ಗಡಿಯನ್ನು ತೋರಿಸಬೇಕೆಂದು ವಿಧಿಸುತ್ತದೆ. ಮರ, ಹುತ್ತ, ಒಡ್ಡು, ಇದ್ದಿಲು, ಹೊಟ್ಟು ಮೊದಲಾದವು ಗುರುತುಗಳು. ಈ ಸ್ಮೃತಿಗೆ ‘ಮಿತಾಕ್ಷರಾ’ ವ್ಯಾಖ್ಯಾನವನ್ನು ಬರೆದ ವಿಜ್ಞಾನೇಶ್ವರನು ಕಲ್ಯಾಣದ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದವನೆಂಬುದು ಕನ್ನಡಿಗರಿಗೆ ಸ್ಮರಣೀಯ.

ಇಂದಿನ ದಾಖಲೆಗಳ ಮೂಲವಾದರೋ ಮುಂಬಯಿ ಪ್ರಾಂತದ ಮೋಜಣಿಯಲ್ಲಿದೆ. 1835ರಲ್ಲಿ ಇಂದಾಪುರದಲ್ಲಿ ಗೋಲ್ಡ್‌ಸ್ಮಿಡ್ ಮತ್ತು ವಿಂಗೇಟರು ಆರಂಭಿಸಿದ ಪದ್ಧತಿಯು 1847ರ ಜಂಟಿ ವರದಿಯಿಂದ ಸ್ಥಿರಗೊಂಡು, ಕ್ರಮೇಣ ಮುಂಬಯಿ ಕರ್ನಾಟಕಕ್ಕೂ ಹಬ್ಬಿತು. ಅದರ ಸರಪಳಿಯು 33 ಅಡಿ ಉದ್ದದ್ದು. ಅದರಲ್ಲಿ 16 ಆಣೆಗಳು. ಒಂದು ಸರಪಳಿಯ ಚೌಕವು ಒಂದು ಗುಂಟೆ. 40 ಗುಂಟೆಗೆ ಒಂದು ಎಕರೆ. ಬಾದಾಮಿ ಸೀಮೆಯು ಕಲಾದಗಿ ಜಿಲ್ಲೆಯಿಂದ ವಿಜಾಪುರಕ್ಕೂ, 1956ರಲ್ಲಿ ಮೈಸೂರು ರಾಜ್ಯಕ್ಕೂ, 1997ರಲ್ಲಿ ಬಾಗಲಕೋಟೆ ಜಿಲ್ಲೆಗೂ ಸೇರಿತು. ಆಡಳಿತ ಬದಲಾದರೂ ಹಳೆಯ ಅಳತೆಯ ಬೆಲೆ ಕುಂದಲಿಲ್ಲ.

ಕಮಿಷನರನ ಅಧಿಕಾರಕ್ಕೆ ಆಧಾರವು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆ. ಅದರ 26ನೆಯ ಆದೇಶದ 9ನೆಯ ನಿಯಮದಂತೆ, ವಿವಾದದ ಸಂಗತಿಯನ್ನು ಸ್ಪಷ್ಟಪಡಿಸಲು ಸ್ಥಳ ತನಿಖೆ ಅವಶ್ಯವೆಂದು ತೋರಿದಲ್ಲಿ ನ್ಯಾಯಾಲಯವು ಅವನನ್ನು ನೇಮಿಸಬಹುದು. 10ನೆಯ ನಿಯಮದಂತೆ ಅವನು ಸಹಿಮಾಡಿದ ವರದಿಯೂ ದಾಖಲಿಸಿಕೊಂಡ ಹೇಳಿಕೆಗಳೂ ದಾವೆಯಲ್ಲಿ ಸಾಕ್ಷ್ಯವಾಗುತ್ತವೆ. ನ್ಯಾಯಾಲಯವು ಅವನನ್ನೇ ವಿಚಾರಿಸಬಹುದು; ಅದರ ಅನುಮತಿ ಪಡೆದು ಪಕ್ಷಗಾರರೂ ಪ್ರಶ್ನಿಸಬಹುದು. ವರದಿ ತೃಪ್ತಿಕರವಲ್ಲದಿದ್ದರೆ ಮರು ತನಿಖೆಗೆ ಆಜ್ಞಾಪಿಸಬಹುದು. ಒತ್ತುವರಿಯ ವಿವಾದದಲ್ಲಿ ಕಮಿಷನರನ ಮೂಲಕ ಎಲ್ಲೆಯನ್ನು ಗುರುತಿಸುವುದರ ಅಗತ್ಯವನ್ನು ಸರ್ವೋಚ್ಚ ನ್ಯಾಯಾಲಯವು 2008ರಲ್ಲಿ, ಹರಿಯಾಣ ವಕ್ಫ್ ಮಂಡಳಿಯ ಪ್ರಕರಣದಲ್ಲಿ, ಎತ್ತಿಹಿಡಿಯಿತು.

ಆದರೂ ಕಮಿಷನರನು ನ್ಯಾಯಾಧೀಶನಲ್ಲ. ಹೊಲ ಯಾರದೆಂದು ತೀರ್ಮಾನಿಸುವುದು ಅವನ ಕೆಲಸವಲ್ಲ. ನೆಲದಲ್ಲಿ ಏನಿದೆ, ನಕಾಶೆಯಲ್ಲಿ ಏನಿದೆ, ಇವೆರಡಕ್ಕೂ ಅಂತರವೆಷ್ಟು ಎಂಬುದನ್ನು ತಿಳಿಸುವುದಷ್ಟೇ ಅವನ ಕರ್ತವ್ಯ. ಉಭಯ ಪಕ್ಷಗಳಿಗೂ ಮುಂಚಿತವಾಗಿ ತಿಳುವಳಿಕೆ ಕೊಟ್ಟು, ಭೂಮಾಪಕನ ನೆರವಿನಿಂದ, ವಿವಾದವಿಲ್ಲದ ಸ್ಥಿರ ಕಲ್ಲಿನಿಂದ ಅಳತೆಯನ್ನು ಆರಂಭಿಸಬೇಕು. ತಕರಾರಿನ ಬದುವಿನಿಂದಲೇ ಅಳೆಯತೊಡಗಿದರೆ, ಸಿದ್ಧವಾಗಬೇಕಾದ ಸಂಗತಿಯನ್ನೇ ಸಿದ್ಧವೆಂದು ಭಾವಿಸಿದಂತಾಗುತ್ತದೆ.

ಅಳತೆಯ ಅಲ್ಪ ದೋಷವೂ ಅಲ್ಪವಲ್ಲ. 20 ಸರಪಳಿ ಉದ್ದದ, ಅಂದರೆ 660 ಅಡಿಯ ಬದುವಿನಲ್ಲಿ ಒಂದು ಆಣೆ, ಎಂದರೆ ಸುಮಾರು ಎರಡು ಅಡಿ, ಸರಿದರೆ ಒಂದೂಕಾಲು ಗುಂಟೆ ಕೈಬಿಡುತ್ತದೆ. ಒಂದೆರಡು ಎಕರೆಯ ರೈತನಿಗೆ ಇದು ಸಣ್ಣ ನಷ್ಟವಲ್ಲ.

ಇತಿಹಾಸದ ವಿದ್ಯಾರ್ಥಿಗೂ ಇದರಲ್ಲಿ ಪಾಠವಿದೆ. ದಾನಶಾಸನದ ಎಲ್ಲೆಯನ್ನು ಓದುವಾಗ ಅಳೆದವರಾರು, ಯಾವ ಗುರುತಿನಿಂದ ಅಳೆದರು, ಎದುರಿಗೆ ಯಾರಿದ್ದರು ಎಂದು ನಾವು ಕೇಳುತ್ತೇವೆ. ಕಮಿಷನರನ ವರದಿಗೂ ಇವೇ ಪ್ರಶ್ನೆಗಳನ್ನು ಹಾಕಬೇಕು. ಇವುಗಳಿಗೆ ಉತ್ತರವಿರುವ ವರದಿಯು ವ್ಯಾಜ್ಯ ಮುಗಿದ ಮೇಲೂ ಆ ಊರಿನ ನೆಲದ ವಿಶ್ವಸನೀಯ ದಾಖಲೆಯಾಗಿ ಉಳಿಯುತ್ತದೆ.